ಕೊಚ್ಚಿಯ ಕಾಗೆಗಳು ಅನ್ನ ಮುಟ್ಟಲಿಲ್ಲ

ನಮ್ಮತ್ತೆ ಅಮಾವಾಸ್ಯೆ ಬಿಟ್ಟು ಬೇರೆ ದಿನ ಊರು ಬಿಟ್ಟು ಹೊರಡುವವರಲ್ಲ. ಇದರಲ್ಲಿ ಭಕ್ತಿಗಿಂತ ಮಗ್ಗದ ಪಾಲೇ ಹೆಚ್ಚು. ಕೊಯಮತ್ತೂರಿನ ಹತ್ತಿರದ ಸಿರುಮುಗೈಯ ನಮ್ಮ ಬೀದಿಯಲ್ಲಿ ಕೈಮಗ್ಗದವರಿಗೆ ಭಾನುವಾರ ಎಂಬ ರಜೆಯೇ ಇಲ್ಲ. ಅಮಾವಾಸ್ಯೆಯ ದಿನ ಮಾತ್ರ ಬೀದಿಗೆ ಬೀದಿಯೇ ಸದ್ದಡಗುತ್ತದೆ. ಅವತ್ತು ಹೆಂಗಸರು ಎಣ್ಣೆನೀರು ಹಾಕಿಕೊಂಡು, ತೀರಿಹೋದ ಹಿರಿಯರಿಗೆ ಎಡೆ ಮಾಡಿ, ಕಾಗೆಗೆ ಅನ್ನವಿಟ್ಟು, ಕಾಗೆ ತಿಂದ ಮೇಲೆ ತಾವು ತಿಂದು, ಸಂಜೆ ಯಾವುದಾದರೂ ದೇವಸ್ಥಾನಕ್ಕೆ ಹೋಗಿ ಬರುತ್ತಾರೆ. ಅವರ ತಿರುಗಾಟವೆಲ್ಲ ಅಷ್ಟೇ.

ನಾನು ದಾವಣಗೆರೆ ಕಡೆಯಿಂದ ಬಂದವಳು. ಕೊಯಮತ್ತೂರಿನ ಪೀಳಮೇಡಿನ ಒಂದು ಆಫೀಸಿನಲ್ಲಿ ಕೆಲಸ. ವಾರದಲ್ಲಿ ಎರಡು ದಿನ ಅಲ್ಲಿಗೆ ಹೋಗುತ್ತೇನೆ, ಉಳಿದ ದಿನ ಮನೆಯಲ್ಲೇ ಕೂತು ಮಾಡುತ್ತೇನೆ. ಗಂಡ ಅಲ್ಲೇ ಗಣಪತಿ ಎಂಬ ಬಡಾವಣೆಯಲ್ಲಿ ಪಂಪಿನ ಬಿಡಿಭಾಗ ಮಾಡುವ ವರ್ಕ್‌ಶಾಪಿನಲ್ಲಿದ್ದಾನೆ. ಅವನ ಮನೆಯವರು ಎಷ್ಟೋ ತಲೆಮಾರಿನಿಂದ ಇಲ್ಲಿಯ ನೇಕಾರರು. ಮನೆಯೊಳಗೆ ಕನ್ನಡ, ಹೊಸ್ತಿಲಾಚೆ ತಮಿಳು. ಅವರ ಕನ್ನಡ ತಮಿಳಿನ ರಾಗದಲ್ಲೇ ಬರುತ್ತದೆ. ಮದುವೆಯಾದ ಹೊಸತರಲ್ಲಿ ಅತ್ತೆ 'ಅಮ್ಮಿಣಿ' ಅಂದಾಗಲೆಲ್ಲ ನಾನು ಹಿಂದೆ ಬೇರೆ ಯಾರೋ ನಿಂತಿದ್ದಾರೆ ಅಂದುಕೊಂಡು ತಿರುಗಿ ನೋಡುತ್ತಿದ್ದೆ. ಮನೆಯ ಹುಡುಗಿಯನ್ನು ಮುದ್ದಿನಿಂದ ಕರೆಯುವುದು ಇಲ್ಲಿ ಹಾಗೆಯೇ ಎಂದು ತಿಳಿಯಲು ಕೆಲವು ದಿನ ಹಿಡಿಯಿತು.

ಮಾವ ಕಳೆದ ಶ್ರಾವಣದಲ್ಲಿ ತೀರಿಕೊಂಡರು. ನಡುಮನೆಯಲ್ಲಿ ಅವರ ಮಗ್ಗ, ಅತ್ತೆಯ ಮಗ್ಗ ಅಕ್ಕಪಕ್ಕದಲ್ಲೇ ಇದ್ದವು. ಅವರದು ಮೃದು ಸ್ವಭಾವ, ಮಾತು ಕಡಿಮೆ. ಸೀರೆ ಮುಗಿದಾಗ ಮಡಿಸಿ ಚೀಲಕ್ಕೆ ಹಾಕಿಕೊಂಡು, ಕೊಯಮತ್ತೂರಿನ ಆರ್.ಎಸ್. ಪುರಂನ ಅಂಗಡಿಗೆ ಒಬ್ಬರೇ ಹೋಗಿ ಕೊಟ್ಟು ಸಂಜೆಗೆ ಬರುತ್ತಿದ್ದರು. ಅವರು ಹೋದ ಮೇಲೆ ಅತ್ತೆ ತಮ್ಮ ಮಗ್ಗದಲ್ಲಿ ಕೂತೇ ಇದ್ದರು. ಅಳುತ್ತಿರಲಿಲ್ಲ, ಆದರೆ ಎದ್ದು ಹೊರಗೂ ಬರುತ್ತಿರಲಿಲ್ಲ. ವರ್ಷ ತುಂಬುವವರೆಗೆ ದೇವಸ್ಥಾನದ ಮೆಟ್ಟಿಲು ಹತ್ತುವಂತಿಲ್ಲ, ಹಬ್ಬವಿಲ್ಲ, ಮದುವೆ ಮನೆಯಿಲ್ಲ. ಅವರಿಗೆ ಹೊರಗೆ ಹೋಗುವುದು ಅಂದರೆ ಇದ್ದದ್ದೇ ಇವು ಮೂರು. ಹೀಗಾಗಿ ಅಮಾವಾಸ್ಯೆ ಬಂದರೂ ಅವರು ಎಡೆಯಿಟ್ಟು ಉಂಡು ಗೋಡೆಗೆ ಒರಗಿ ಕೂರುತ್ತಿದ್ದರು. ಅದನ್ನು ನೋಡಿ ನೋಡಿ ನನಗೆ ತಲೆ ಚಿಟ್ಟು ಹಿಡಿದಿತ್ತು.

ಫೋನಿನಲ್ಲಿ ಏನನ್ನೋ ಹುಡುಕುತ್ತಿದ್ದಾಗ ಫೋರ್ಟ್ ಕೊಚ್ಚಿಯ ಹಳೆಯ ಬಂದರಿನ ಬೀದಿಗಳಲ್ಲಿ ಒಬ್ಬ ಗೈಡ್ ಜೊತೆ ಸ್ವಲ್ಪ ಹೊತ್ತು ನಡೆದು ಬರುವ ಟೂರ್ ಕಣ್ಣಿಗೆ ಬಿತ್ತು. ರೈಲಿನಲ್ಲಿ ಹೋದರೆ ಸಂಜೆಗೆ ವಾಪಸಾಗಬಹುದು. ಅತ್ತೆಗೆ ಹೇಳಿದೆ. ಅವರು ಕಂಡಿಕೆಗೆ ನೂಲು ಸುತ್ತುತ್ತ, ಅಲ್ಲಿ ಯಾವ ಸಾಮಿ ಇದೆ ಅಂತ ಕೇಳಿದರು. ಸಾಮಿ ಇಲ್ಲ ಅತ್ತೆ, ಅದಕ್ಕೇ ಹೋಗೋಣ ಅಂದೆ. ಸಾಮಿ ಇಲ್ಲದ ಊರಿನಲ್ಲಿ ನಡೆದು ನಡೆದು ಏನು ನೋಡುವುದು ಅಂದರು. ಹಳೆಯ ಮನೆ, ಹಳೆಯ ಬೀದಿ, ಸಮುದ್ರ ಅಂದೆ. ಹಳೆಯ ಮನೆ ನೋಡುವುದಕ್ಕೆ ರೈಲು ಹತ್ತಬೇಕಾ, ಇದರಲ್ಲೇ ಕೂತಿದ್ದೀನಲ್ಲ ಅಂದರು. ಆದರೆ ಮಾರನೆಯ ದಿನ ಅವರೇ ಕ್ಯಾಲೆಂಡರ್ ಮುಂದೆ ನಿಂತು ಅಮಾವಾಸ್ಯೆ ಯಾವ ವಾರ ಬೀಳುತ್ತದೆ ಅಂತ ನೋಡುತ್ತಿದ್ದರು.

ಬೀದಿಯಲ್ಲಿ ಸುದ್ದಿ ಹಬ್ಬಲು ಎಷ್ಟು ಹೊತ್ತು? ವರ್ಷವೇ ತುಂಬಿಲ್ಲ, ಆಗಲೇ ಊರು ನೋಡೋಕೆ ಹೊರಟಳು ಅಂತ ನೀರಿನ ಕೊಳಾಯಿ ಹತ್ತಿರ ಮಾತಾಯಿತು. ಅದು ಅತ್ತೆಯ ಕಿವಿಗೂ ಬಿತ್ತು. ಅವರು ಬರುವುದಿಲ್ಲ ಅನ್ನಲಿಲ್ಲ. ಆದರೆ, ಅವರಿಗೆ ಇಷ್ಟವಿಲ್ಲದಿದ್ದರೆ ಹೇಗಾದರೂ ತೋರಿಸಿಕೊಡುತ್ತಾರೆ ಅಂದರು. ಅವರು ಅಂದರೆ ಮಾವ. ಅವತ್ತು ಬಸ್ಸು ತಪ್ಪಿದರೂ, ಚಪ್ಪಲಿ ಕಿತ್ತರೂ, ಮಳೆ ಬಂದರೂ ಅದು ಮಾವನ ಲೆಕ್ಕಕ್ಕೇ ಹೋಗುತ್ತದೆ, ಆಮೇಲೆ ಈ ಹೆಂಗಸು ವರ್ಷ ತುಂಬಿದ ಮೇಲೂ ಹೊಸ್ತಿಲು ದಾಟುವುದಿಲ್ಲ ಎಂದು ನನಗೆ ಖಾತ್ರಿಯಾಗಿತ್ತು.

ಅಮಾವಾಸ್ಯೆಯ ದಿನ ಬೆಳಕು ಹರಿಯುವ ಮೊದಲೇ ಅತ್ತೆ ಮಿಂದು ಅಡುಗೆ ಮುಗಿಸಿದ್ದರು. ಅನ್ನ, ಬೇಳೆ, ಬಾಳೆಕಾಯಿ ಪಲ್ಯ, ಉದ್ದಿನ ವಡೆ, ಒಂದಿಷ್ಟು ಪಾಯಸ, ಎಲ್ಲವೂ ಸ್ಟೀಲ್ ಕ್ಯಾರಿಯರ್‌ಗೆ ಹೋದವು. ಬಾಳೆಎಲೆಯ ತುಂಡುಗಳನ್ನು ಒದ್ದೆ ಬಟ್ಟೆಯಲ್ಲಿ ಸುತ್ತಿದರು. ಕಾಗೆಗೆ ಇಲ್ಲೇ ಇಟ್ಟು ಹೊರಡೋಣ ಅಂದೆ. ಬೆಳಗಾಗದೆ ಕಾಗೆ ಏಳುವುದಿಲ್ಲ, ಮಧ್ಯಾಹ್ನದ ಎಡೆಯನ್ನು ಕತ್ತಲಲ್ಲಿ ಇಡುವುದೂ ಇಲ್ಲ ಅಂದರು. ಕೊಚ್ಚಿಯಲ್ಲಿ ಕಾಗೆ ಇರುವುದಿಲ್ಲವೇ ಎಂದು ನನ್ನನ್ನು ಕೇಳಿದರು. ಬಂದರಿನ ಊರು, ಕಾಗೆಗೆ ಏನು ಬರ ಅತ್ತೆ ಎಂದು ನಾನೂ ಧೈರ್ಯವಾಗಿ ಹೇಳಿದೆ. ಇಬ್ಬರೂ ಅಷ್ಟಕ್ಕೇ ನಿಲ್ಲಿಸಿದೆವು. ಆ ಊರಿನ ಕಾಗೆ ಏನು ತಿನ್ನುತ್ತದೆ ಎಂದು ಇಬ್ಬರಿಗೂ ಹೊಳೆಯಲಿಲ್ಲ.

ಗಂಡ ಕೊಯಮತ್ತೂರು ಸ್ಟೇಷನ್‌ವರೆಗೆ ಬಿಟ್ಟು ಕೆಲಸಕ್ಕೆ ಹೋದ. ರೈಲಿನಲ್ಲಿ ಅತ್ತೆ ಬರೀ ಟೀ ಕುಡಿದರು. ನಾನು ಇಡ್ಲಿ ತಿಂದೆ. ನಾನು ಸೊಸೆ, ನನಗೆ ಉಪವಾಸವಿಲ್ಲ ಅಂತ ಅವರೇ ತೀರ್ಪು ಕೊಟ್ಟಿದ್ದರು. ಪಾಲಕ್ಕಾಡು ದಾಟಿದ ಮೇಲೆ ಅವರು ಕಿಟಕಿ ಬಿಟ್ಟು ಕದಲಲಿಲ್ಲ. ಎರ್ನಾಕುಲಂನಲ್ಲಿ ಇಳಿದು ದೋಣಿ ಹತ್ತಿದೆವು. ಎದುರಿಗೆ ಮನೆಗಳಷ್ಟು ಎತ್ತರದ ಹಡಗುಗಳು ನಿಂತಿದ್ದವು. ಅತ್ತೆ ಕ್ಯಾರಿಯರ್ ತೊಡೆಯ ಮೇಲಿಟ್ಟುಕೊಂಡು, ಗಾಳಿಗೆ ಹಾರುವ ಸೆರಗನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದು ನೋಡುತ್ತಿದ್ದರು. ಅವರ ಮುಖದಲ್ಲಿ ಅಂಥ ಕುತೂಹಲವನ್ನು ನಾನು ಕಂಡು ಎಷ್ಟೋ ಕಾಲವಾಗಿತ್ತು. ನನಗೆ ಬಹಳ ಸಂತೋಷವಾಯಿತು.

ಗೈಡ್ ನನ್ನ ವಯಸ್ಸಿನ ಮಲಯಾಳಿ ಹೆಂಗಸು. ಕೈಯಲ್ಲಿ ಕೊಡೆ, ಕೊರಳಲ್ಲಿ ಸಣ್ಣದೊಂದು ಮೈಕು. ನಮ್ಮ ಜೊತೆ ಬೇರೆ ನಾಲ್ಕಾರು ಜನರಿದ್ದರು. ಅವರಿಗೆ ಇಂಗ್ಲಿಷಿನಲ್ಲಿ ಹೇಳಿ, ಅತ್ತೆಯ ಕಡೆ ತಿರುಗಿ ಅದನ್ನೇ ತಮಿಳಿನಲ್ಲಿ ಹೇಳುತ್ತಿದ್ದಳು. ಮೊದಲು ಪೋರ್ಚುಗೀಸರು ಬಂದರು, ಅವರನ್ನು ಓಡಿಸಿ ಡಚ್ಚರು ಬಂದರು, ಅವರನ್ನು ಓಡಿಸಿ ಇಂಗ್ಲಿಷರು ಬಂದರು ಎಂದು ಒಂದೊಂದು ಕಟ್ಟಡ ತೋರಿಸಿದಳು. ಅತ್ತೆ ಗಂಭೀರವಾಗಿ ಕೇಳಿ, ಬಾಡಿಗೆಗೆ ಬಂದವರು ಯಾರೂ ನೆಟ್ಟಗೆ ಮನೆ ಖಾಲಿ ಮಾಡಲಿಲ್ಲ ಅನ್ನು ಎಂದು ನನ್ನ ಕಿವಿಯಲ್ಲಿ ಹೇಳಿದರು. ನಾನು ನಕ್ಕಿದ್ದಕ್ಕೆ ಗೈಡ್ ಏನೆಂದು ಕೇಳಿದಳು. ತರ್ಜುಮೆ ಮಾಡಿದೆ. ಅವಳು ಅದನ್ನು ಮೈಕಿನಲ್ಲಿ ಎಲ್ಲರಿಗೂ ಹೇಳಿಬಿಟ್ಟಳು. ಅತ್ತೆಗೆ ನಾಚಿಕೆಯಾಯಿತು, ಆದರೆ ಆಮೇಲಿನ ನಡಿಗೆಯಲ್ಲಿ ಅವರು ಗೈಡ್ ಪಕ್ಕದಲ್ಲೇ ನಡೆದರು.

ಹಳೆಯ ಚರ್ಚಿನಲ್ಲಿ ಚಾವಣಿಯಿಂದ ಇಳಿಬಿಟ್ಟ ಉದ್ದನೆಯ ಬಟ್ಟೆಯ ಬೀಸಣಿಗೆಗಳಿದ್ದವು. ಕರೆಂಟಿಲ್ಲದ ಕಾಲದಲ್ಲಿ ಹೊರಗೆ ಕೂತ ಆಳುಗಳು ಹಗ್ಗ ಎಳೆದು ಅವನ್ನು ತೂಗುತ್ತಿದ್ದರಂತೆ. ಉಳಿದವರು ಫೋಟೋ ತೆಗೆದರು. ಅತ್ತೆ ಹಗ್ಗ ಎಲ್ಲಿಂದ ಎಲ್ಲಿಗೆ ಹೋಗಿದೆ ಎಂದು ಗೋಡೆಯ ತೂತಿನವರೆಗೂ ಕಣ್ಣಲ್ಲೇ ಹಿಂಬಾಲಿಸಿದರು. ಒಂದು ಮೂಲೆಯಲ್ಲಿ ಕಂಬಿ ಕಟ್ಟಿದ ಸಮಾಧಿ. ಹಡಗಿನಲ್ಲಿ ಮೊದಲು ಬಂದ ನಾವಿಕನನ್ನು ಇಲ್ಲಿ ಹೂತು, ಕೆಲವು ವರ್ಷಗಳ ಮೇಲೆ ಮೂಳೆಗಳನ್ನು ತೆಗೆದು ಅವನ ಊರಿಗೆ ಒಯ್ದರು ಎಂದಳು ಗೈಡ್. ಅಂದರೆ ಈಗ ಒಳಗೆ ಯಾರೂ ಇಲ್ಲ. ಅತ್ತೆ ಕಂಬಿ ಹಿಡಿದು ಬಹಳ ಹೊತ್ತು ನಿಂತರು. ಯಾರೂ ಇಲ್ಲದಿದ್ದರೂ ಜನ ಬಂದು ನೋಡುತ್ತಾರಲ್ಲ, ಪಾವಂ ಅಂದರು. ಪಾಪ ಎಂದು ಅವರು ಹೇಳುವುದು ಹಾಗೆಯೇ.

ಅಲ್ಲಿಂದ ದೊಡ್ಡ ಮೈದಾನದ ಸುತ್ತ, ಕೊಂಬೆ ಚಾಚಿದ ಭಾರೀ ಮರಗಳ ನೆರಳಲ್ಲಿ ನಡೆದೆವು. ಒಂದು ಮಹಡಿ ಮನೆಯ ಮುಂದೆ ಸೀರೆ ಒಣಹಾಕಿದ್ದರು. ಗೈಡ್ ಆ ಮನೆಯ ಕಿಟಕಿಗಳ ಬಗ್ಗೆ ಹೇಳುತ್ತಿದ್ದರೆ ಅತ್ತೆ ಸೀರೆಯ ಅಂಚನ್ನು ಬೆರಳಲ್ಲಿ ಉಜ್ಜಿ ನೋಡುತ್ತಿದ್ದರು. ಒಳಗಿನಿಂದ ಒಬ್ಬಾಕೆ ಬಂದು ಹುಬ್ಬೇರಿಸಿದಳು. ನನಗೆ ಮುಜುಗರವಾಗಿ ಅತ್ತೆಯ ಕೈ ಹಿಡಿದು ಎಳೆದೆ. ಸೀರೆ ಮುಟ್ಟಿದರೆ ಸವೆದುಹೋಗುತ್ತದಾ ಅಂತ ಗೊಣಗಿಕೊಂಡು ಬಂದರು.

ನಡಿಗೆ ಕೊನೆಯಾಗುವುದು ಕಡಲ ಅಂಚಿನ ಚೀನೀ ಬಲೆಗಳ ಹತ್ತಿರ. ದೊಡ್ಡ ಮರದ ತೊಲೆಗಳಿಗೆ ಕಟ್ಟಿದ ಬಲೆ, ಹಿಂದುಗಡೆ ಹಗ್ಗದಲ್ಲಿ ತೂಗುವ ಕಲ್ಲುಗುಂಡುಗಳು. ಐದಾರು ಗಂಡಸರು ಹಗ್ಗ ಜಗ್ಗಿದರೆ ಬಲೆ ಮೇಲೇಳುತ್ತದೆ, ಬಿಟ್ಟರೆ ನೀರಿಗಿಳಿಯುತ್ತದೆ. ಒಂದು ತುಳಿದರೆ ಇನ್ನೊಂದು ಏಳುತ್ತದೆ, ನಮ್ಮ ತರಿಯ ಹಾಗೆಯೇ ಅಂತ ಅತ್ತೆಗೆ ಖುಷಿಯೋ ಖುಷಿ. ತರಿ ಅಂದರೆ ಅವರ ಮಾತಿನಲ್ಲಿ ಮಗ್ಗ. ಪಕ್ಕದಲ್ಲೇ ಮೀನಿನ ಕಟ್ಟೆಗಳು, ಅವುಗಳ ಹಿಂದೆ ಕೊಂಡ ಮೀನನ್ನು ಅಲ್ಲೇ ಹುರಿದುಕೊಡುವ ಸಣ್ಣ ಅಂಗಡಿಗಳು. ನಮ್ಮದು ಶುದ್ಧ ಸಸ್ಯಾಹಾರಿ ಮನೆ. ಅತ್ತೆ ಸೆರಗನ್ನು ಮೂಗಿಗೆ ಒತ್ತಿಕೊಂಡರು, ನಾನೂ ಉಸಿರು ಬಿಗಿಹಿಡಿದೆ. ಗೈಡ್ ಎಲ್ಲರಿಗೂ ವಂದನೆ ಹೇಳಿದಳು, ಉಳಿದವರು ಚದುರಿದರು. ಹೊತ್ತು ನೆತ್ತಿಗೇರಿತ್ತು.

ಸ್ವಲ್ಪ ದೂರದಲ್ಲಿ, ಕಡಲಿಗೆ ಮುಖ ಮಾಡಿದ ಕಲ್ಲುಕಟ್ಟೆಯ ಮೇಲೆ ಅತ್ತೆ ನೀರು ಚಿಮುಕಿಸಿ ಎಲೆ ಹಾಸಿದರು. ಎಲ್ಲವನ್ನೂ ಸ್ವಲ್ಪ ಸ್ವಲ್ಪ ಬಡಿಸಿ, ಮೇಲೆ ಒಂದು ವಡೆ ಇಟ್ಟು, ಕೈಮುಗಿದು 'ಕಾ, ಕಾ' ಎಂದು ಕೂಗಿದರು. ಕಾಗೆಗಳಿಗೇನೂ ಕೊರತೆಯಿರಲಿಲ್ಲ. ಬಲೆಯ ತೊಲೆಯ ಮೇಲೆ, ದೋಣಿಯ ಮೇಲೆ, ಮರದ ಮೇಲೆ ಎಲ್ಲೆಲ್ಲೂ ಕಾಗೆ. ಒಂದೂ ಕ್ಯಾರೇ ಅನ್ನಲಿಲ್ಲ. ಅವು ಮೀನಿನ ತಲೆಗೆ, ಬಾಲಕ್ಕೆ ಜಗಳವಾಡುತ್ತಿದ್ದವು. ಒಂದು ಕಾಗೆ ನಮ್ಮ ಕಟ್ಟೆಗೇ ಬಂದು ಕೂತು, ಎಲೆಯ ಸುತ್ತ ಎರಡು ಹೆಜ್ಜೆ ನಡೆದು, ವಡೆಯನ್ನು ಓರೆಗಣ್ಣಲ್ಲಿ ನೋಡಿ ಹಾರಿಹೋಯಿತು.

ಅತ್ತೆ ಮತ್ತೆ ಕೂಗಿದರು. ನಾನೂ ಕೂಗಿದೆ. ಎಲೆಯನ್ನು ಇನ್ನೊಂದು ಕಡೆಗೆ ಒಯ್ದೆವು. ಅಲ್ಲಿ ಬೆಕ್ಕು ಬಂತು, ಅದನ್ನು ಓಡಿಸುವುದೇ ಕೆಲಸವಾಯಿತು. ಹೊರಟಿದ್ದ ಗೈಡ್ ನಮ್ಮ ಪಾಡು ನೋಡಿ ಹಿಂದಿರುಗಿದಳು. ಅವಳಿಗೆ ಬಿಡಿಸಿ ಹೇಳಬೇಕಾಗಲಿಲ್ಲ. ಅವರ ಮನೆಯಲ್ಲೂ ಕರ್ಕಾಟಕ ಮಾಸದ ಅಮಾವಾಸ್ಯೆಗೆ ಪಿಂಡ ಇಟ್ಟು ಕಾಗೆ ಕರೆಯುತ್ತಾರಂತೆ, ಕೂಗಿ ಅಲ್ಲ, ಒದ್ದೆ ಕೈಯಲ್ಲಿ ಚಪ್ಪಾಳೆ ತಟ್ಟಿ. ಮೈಕನ್ನು ಹಿಂದಕ್ಕೆ ಸರಿಸಿ, ನನ್ನ ಬಾಟಲಿಯ ನೀರಿನಲ್ಲಿ ಕೈ ನೆನೆಸಿಕೊಂಡು ಪಟಪಟ ತಟ್ಟಿದಳು. ಕಾಗೆಗಳು ತಿರುಗಿ ನೋಡಿದವು. ಅಷ್ಟೇ.

ಅತ್ತೆ ಕಟ್ಟೆಯ ಮೇಲೆ ಕುಸಿದು ಕೂತರು. ಬೆಳಗಿನಿಂದ ಇದ್ದ ಖುಷಿಯೆಲ್ಲ ಇಳಿದುಹೋಗಿತ್ತು. ಕ್ಯಾರಿಯರ್‌ನ ಮುಚ್ಚಳವನ್ನು ಒಂದೊಂದಾಗಿ ಹಾಕುತ್ತ, ನನ್ನ ಮುಖ ನೋಡದೆ ಹೇಳಿದರು.

"ನಾ ಬಂದದ್ದು ಅವ್ರಿಗೆ ಇಷ್ಟ ಇಲ್ಲ ಅಮ್ಮಿಣಿ. ಮನೆಗೆ ಹೋಗೋಣ. ಇನ್ನು ಎಲ್ಲಿಗೂ ಕರೀಬೇಡ."

ನನಗೆ ಮೂಗಿನ ತುದಿಯಲ್ಲೇ ಕೋಪ. ಕಾಗೆಗಳ ಮೇಲೆ ಬಂತು, ನೀರಿನ ಕೊಳಾಯಿ ಹತ್ತಿರದ ಹೆಂಗಸರ ಮೇಲೆ ಬಂತು, ಕೊನೆಗೆ ತೀರಿಹೋದ ಮಾವನ ಮೇಲೂ ಬಂತು. ಮಾವ ಬದುಕಿದ್ದಷ್ಟು ದಿನ ತಿಂಗಳಿಗೆರಡು ಸಲ ಕೊಯಮತ್ತೂರು ಸುತ್ತಿ ಬರುತ್ತಿದ್ದರಲ್ಲ, ಒಂದು ಸಲ ನಿಮ್ಮನ್ನು ಕರೆದುಕೊಂಡು ಹೋದರಾ, ಈಗ ನೀವು ಒಂದು ದಿನ ಹೊರಗೆ ಬಂದರೆ ಕೋಪ ಮಾಡಿಕೊಳ್ಳುವುದಕ್ಕೆ ಅವರಿಗೇನು ಹಕ್ಕು ಎಂದು ಕೇಳಿಯೇಬಿಟ್ಟೆ. ಹೇಳಿದ ಮೇಲೆ ನಾಲಿಗೆ ಕಚ್ಚಿಕೊಂಡೆ. ಗೈಡ್‌ಗೆ ಕನ್ನಡ ಬರದಿದ್ದರೂ ದನಿ ಅರ್ಥವಾಗಿರಬೇಕು, ಅವಳು ಬಲೆಗಳ ಕಡೆ ಮುಖ ಮಾಡಿ ನಿಂತಳು.

ಅತ್ತೆ ಸಿಟ್ಟಾಗಲಿಲ್ಲ. ಅವರ ಕಣ್ಣು ಒಂದು ಕಾಗೆಯ ಮೇಲಿತ್ತು. ಅದು ಎಲ್ಲಿಂದಲೋ ಹುರಿದ ಮೀನಿನ ಚೂರು ಕದ್ದು ತಂದು, ದೋಣಿಯ ಮರೆಯಲ್ಲಿ ಕೂತು, ಆಚೀಚೆ ನೋಡುತ್ತ ಅವಸರವಾಗಿ ತಿನ್ನುತ್ತಿತ್ತು. ತಿಂದು ಮುಗಿಸಿ ಕೊಕ್ಕನ್ನು ಮರಕ್ಕೆ ಆ ಕಡೆ ಈ ಕಡೆ ತಿಕ್ಕಿ ತಿಕ್ಕಿ ಒರೆಸಿಕೊಂಡಿತು. ಅತ್ತೆಯ ಭುಜ ಅಲುಗುವುದು ಕಂಡು ಅಳುತ್ತಿದ್ದಾರೆ ಅಂದುಕೊಂಡೆ. ನೋಡಿದರೆ ನಗುತ್ತಿದ್ದರು.

ಆಮೇಲೆ ಅವರು ಹೇಳಿದ್ದನ್ನು ಕೇಳಿ ನಾನು ಬಾಯಿ ಬಿಟ್ಟುಕೊಂಡು ಕೂತೆ. ಮಾವ ಮೀನು ತಿನ್ನುತ್ತಿದ್ದರಂತೆ. ಸೀರೆ ಕೊಡಲು ಹೋದಾಗಲೆಲ್ಲ, ಅಂಗಡಿ ಕೆಲಸ ಮುಗಿಸಿ, ಒಂದು ಹೋಟೆಲಿನಲ್ಲಿ ಕೂತು ತಿಂದು ಬರುತ್ತಿದ್ದರಂತೆ. ಬರುವಾಗ ಬಾಯಿ ತುಂಬ ವೀಳ್ಯ. ಬಂದವರೇ ನೆಟ್ಟಗೆ ಹಿತ್ತಿಲಿಗೆ ಹೋಗಿ, ಎಂಥ ಚಳಿಯಿರಲಿ, ತಲೆ ಮೇಲೆ ನೀರು ಸುರಿದುಕೊಂಡೇ ಒಳಗೆ ಬರುವುದು. ಮದುವೆಯಾದ ಹೊಸತರಲ್ಲೇ ಅತ್ತೆಗೆ ಗೊತ್ತಾಗಿತ್ತು. ಮೂಗಿಲ್ಲದವಳೇನು ನಾನು, ಅಂದರು. ಆದರೆ ಒಂದು ದಿನವೂ ಕೇಳಲಿಲ್ಲ. ಇವಳಿಗೆ ಗೊತ್ತಿಲ್ಲ ಎಂದೇ ಅವರು ಕಡೆಯವರೆಗೂ ಅಂದುಕೊಂಡಿದ್ದರು.

ಅತ್ತೆ ಎದ್ದರು. ಸೆರಗನ್ನು ಮೂಗಿಗೆ ಸುತ್ತಿಕೊಂಡು ಹುರಿಯುವ ಅಂಗಡಿಯ ಕಡೆಗೆ ನಡೆದರು. ನಾನು ಹಿಂದೆಯೇ ಓಡಿದೆ. ಅತ್ತೆ, ಇವತ್ತು ಅಮಾವಾಸ್ಯೆ ಅಂದೆ. ನನಗೆ ಗೊತ್ತಿಲ್ಲವಾ ಅಂದರು. ಅಂಗಡಿಯವನಿಗೆ ತಮಿಳಿನಲ್ಲಿ, ಒಂದೇ ಒಂದು ತುಂಡು, ಮುಳ್ಳು ಕಮ್ಮಿ ಇರುವುದು, ಚೆನ್ನಾಗಿ ಹುರಿದು ಕೊಡು ಎಂದು ಹೇಳಿದರು. ಜನ್ಮದಲ್ಲಿ ಮೀನು ಮುಟ್ಟದ ಹೆಂಗಸು ಮುಳ್ಳಿನ ವಿಚಾರ ಮಾತಾಡುವುದನ್ನು ನಾನು ನಿಂತು ಕೇಳಿದೆ. ಕಾಗದದಲ್ಲಿ ಸುತ್ತಿಕೊಟ್ಟದ್ದನ್ನು ತಮ್ಮ ಕೈಯಲ್ಲಿ ಹಿಡಿಯಲಾರದೆ, ಗೈಡ್ ಕೈಗೆ ಕೊಡಿಸಿದರು. ಮಾವನ ಕಥೆಯನ್ನು ನಾನು ಅವಳಿಗೆ ಚುಟುಕಾಗಿ ತರ್ಜುಮೆ ಮಾಡಿದೆ. ಅವಳು ಆ ಪೊಟ್ಟಣವನ್ನು ಎರಡೂ ಕೈಯಲ್ಲಿ ಹಿಡಿದು ಪ್ರಸಾದದಂತೆ ಹೊತ್ತು ತಂದಳು.

ಅನ್ನಕ್ಕೆ ತಾಗದ ಹಾಗೆ ಎಲೆಯ ಇನ್ನೊಂದು ತುದಿಯಲ್ಲಿ ಅದನ್ನು ಇಡಿಸಿದರು. ಈ ಸಲ ಕೂಗುವ ಮೊದಲೇ ಒಂದು ಕಾಗೆ ಬಂದು ಎದುರು ಕೂತಿತು. ನಮ್ಮನ್ನು ನೋಡಿ ಹಿಂದೆ ಮುಂದೆ ಮಾಡಿತು. ಅತ್ತೆ ಸೆರಗನ್ನು ಮೂಗಿನಿಂದ ತೆಗೆದು, ಮನೆಯಲ್ಲಿ ಮಾವನಿಗೆ ಬಡಿಸುವಾಗಿನ ದನಿಯಲ್ಲೇ ಹೇಳಿದರು.

"ತಿನ್ನಿ. ನಂಗೆ ಗೊತ್ತು."

ಕಾಗೆ ಮೀನನ್ನು ಕಿತ್ತು ಅಲ್ಲೇ ನಿಂತು ತಿಂದಿತು. ಹಾರಿಹೋಗಲಿಲ್ಲ. ತಿಂದ ಮೇಲೆ ವಡೆಯನ್ನೂ ಕುಕ್ಕಿತು, ಅನ್ನದ ಮೇಲೂ ಕೊಕ್ಕಾಡಿಸಿತು. ಇನ್ನೆರಡು ಬಂದು ಸೇರಿಕೊಂಡವು. ಎಡೆ ತಲುಪಿತು ಎಂದು ಅತ್ತೆ ಕೈಮುಗಿದರು. ನಾನೂ ಮುಗಿದೆ. ಗೈಡ್ ಕಣ್ಣೊರೆಸಿಕೊಳ್ಳುತ್ತ, ಇಷ್ಟು ವರ್ಷ ಈ ಬಂದರಿನಲ್ಲಿ ನಡೆದಿದ್ದೇನೆ, ಈ ಟೂರ್ ನನಗೆ ಯಾರೂ ಮಾಡಿಸಿರಲಿಲ್ಲ ಅಂದಳು. ಅವಳನ್ನೂ ಕೂರಿಸಿ ಎಲೆ ಹಾಕಿದೆವು.

ಅತ್ತೆ ಹಸಿದಿದ್ದರು, ಚೆನ್ನಾಗಿ ಉಂಡರು. ನಮ್ಮೆದುರು ಬಲೆಗಳು ಏಳುತ್ತ ಇಳಿಯುತ್ತ ಇದ್ದವು, ತಂಪು ಗಾಳಿ ಬೀಸುತ್ತಿತ್ತು. ಇಂಥ ನಿರಾಳವಾದ ಊಟವನ್ನು ನಾನು ಬಹಳ ಕಾಲದಿಂದ ಉಂಡಿರಲಿಲ್ಲ. ಪಾಯಸದ ಹೊತ್ತಿಗೆ ಅವರ ಕೈ ತಡೆಯಿತು. ನಾನು ಕೋಪದಲ್ಲಿ ಕೇಳಿದ ಮಾತಿಗೆ ಅವರು ಆಗ ಉತ್ತರ ಕೊಟ್ಟರು.

"ನಾನೂ ಬರ್ತೀನಿ ಅಂತ ಒಂದು ದಿನ ಕೇಳಿದ್ದೆ. ಬಸ್ಸಲ್ಲಿ ಕೂಟ ಜಾಸ್ತಿ, ನಿಲ್ಲೋಕೂ ಜಾಗ ಇರಲ್ಲ, ನೀ ಬೇಡ ಅಂದ್ರು. ನಂಗೆ ಗೊತ್ತಿತ್ತು ಯಾಕೆ ಅಂತ. ಅವತ್ತೇ ನಾನು, ನೀವು ತಿನ್ನಿ, ನಾ ಪಕ್ಕದಲ್ಲಿ ಮೊಸರನ್ನ ತಿಂತೀನಿ ಅಂದಿದ್ರೆ, ನನ್ನೂ ಕರ್ಕೊಂಡು ಹೋಗ್ತಿದ್ರು."

ನಾನು ಅವರ ಎಲೆಗೆ ಇನ್ನಷ್ಟು ಪಾಯಸ ಹಾಕಿದೆ. ಅವರು ಬೇಡ ಅನ್ನಲಿಲ್ಲ. ಅದನ್ನು ಬೆರಳಲ್ಲಿ ಬಳಿದು ತಿಂದು, ಎಲೆ ಮಡಿಸಿ, ಕೈ ತೊಳೆದುಕೊಳ್ಳುತ್ತ ಸಹಜವಾಗಿ ಹೇಳಿದರು.

"ಮುಂದಿನ ತಿಂಗಳು ಅಮಾವಾಸ್ಯೆ ಬೇಡ, ಭಾನುವಾರ ಬರೋಣ. ನನ್ನ ಮಗನ್ನೂ ಕರಿ. ಅವನೂ ಎಷ್ಟು ದಿನ ಅಂತ ಗಣಪತಿಯಲ್ಲಿ ಒಬ್ಬನೇ ಕೂತು ಮೀನು ತಿಂತಾನೆ."